ಮೂರನೇ ದಿನಕ್ಕೆ ಏನು

ಮಿಸ್ರಿಯಾಳಿಗೆ ಕುರಿ ಬಿದ್ದಿದೆ.
ಕುರಿ ಅಂದರೆ ಮೇಯುವುದಲ್ಲ ಮಾರಾಯ್ರೆ,
ನಮ್ಮ ಕಾಸರಗೋಡಿನಲ್ಲಿ ಚೀಟಿಗೆ ಹಾಗನ್ನುತ್ತಾರೆ;
ಮೂವತ್ತಾರು ಕಂತು, ಮೂರು ಲಕ್ಷ.
ಅಂಗಡಿಯ ಶಟರು ಅರ್ಧ ಎಳೆದು
ಬಿಲ್ಲು ಪುಸ್ತಕದ ಬೆನ್ನಿಗೆ ಬರೆದಳು:
ಗ್ರಾನಡಾ. ಎರಡು ರಾತ್ರಿ, ಮೂರು ಹಗಲು.
"ನೀನೂ ಬರ್ತಿ. ಲೆಕ್ಕ ನೋಡು."

ಹನ್ನೊಂದು ವರ್ಷದಿಂದ ಲೆಕ್ಕ ನಾನೇ ನೋಡುವುದು
ವಿದ್ಯಾನಗರದ ಈ ಟೈಲ್ಸ್ ಅಂಗಡಿಯಲ್ಲಿ.
ಗೋಡೆ ತುಂಬ ಎಂಟು ಮೂಲೆಯ ನಕ್ಷತ್ರ, ನೀಲಿ ಬಳ್ಳಿ.
ಪೆಟ್ಟಿಗೆಯ ಮೇಲೆ ಮೊರೊಕ್ಕೋ ಡಿಸೈನ್ ಅಂತ ಅಚ್ಚು,
ಒಳಗಿನ ಚೀಟಿಯಲ್ಲಿ ಗುಜರಾತಿನ ಮೋರ್ಬಿ.
ಗಲ್ಫಿನವರ ಹೊಸ ಜಗಲಿಗೂ ಅದೇ, ಬಚ್ಚಲಿಗೂ ಅದೇ,
ಚದರ ಅಡಿಗೆ ಎಪ್ಪತ್ತೆರಡು.
"ಅಸಲು ನೋಡದೆ ನಕಲು ಮಾರಿ ಮಾರಿ
ಕಣ್ಣು ಸವೆಯಿತು" ಅನ್ನುತ್ತಾಳೆ.

ಸರಿ, ಹಾಕಿದೆವು ಪಟ್ಟಿ.
ಮಂಗಳೂರಿಂದ ದುಬೈ, ದುಬೈಯಿಂದ ಮ್ಯಾಡ್ರಿಡ್,
ಮತ್ತೆ ರೈಲು. ಮೊದಲ ಸಂಜೆ ಗುಡ್ಡದ ಓಣಿಗಳು.
ಮರುದಿನ ಎಂಟೂವರೆಗೆ ಅರಮನೆ:
ಟಿಕೆಟಿನಲ್ಲಿ ಬರೆದ ಹೊತ್ತು ತಪ್ಪಿದರೆ ಬಾಗಿಲು ಇಲ್ಲ,
ಪೆರ್ಲದ ಕೊನೆಯ ಬಸ್ಸಿನ ಹಾಗೆ.
ಅವಳಿಗೆ ಹಲಾಲ್ ಊಟದ ಹೋಟೆಲು,
ನನಗೆ ಮೀನಿದ್ದರೆ ಸಾಕು.
ಮೂರನೇ ದಿನಕ್ಕೆ ಏನು? ಗುಹೆಯ ಮನೆಗಳೋ, ಪೇಟೆಯೋ,
ಸದ್ಯಕ್ಕೆ ಒಂದು ಪ್ರಶ್ನೆ ಚಿಹ್ನೆ.

ಆಗ ಬಗ್ಗಿ ಒಳಗೆ ಬಂದರು ಸಂಕಪ್ಪ ಮಾವ,
ಮಗಳ ಬಚ್ಚಲಿಗೆ ಎರಡು ಪ್ಯಾಕೆಟ್ ಗ್ರೌಟು ಬೇಕಂತೆ.
ಬಗ್ಗುವುದು ಅವರಿಗೆ ಅಭ್ಯಾಸ;
ಐವತ್ತು ವರ್ಷ ಸುರಂಗ ಕೊರೆದವರು.
ಬಾಯಾರು, ಎಣ್ಮಕಜೆ, ನೀರ್ಚಾಲು,
ಯಾವ ಗುಡ್ಡದ ಹೊಟ್ಟೆಯಲ್ಲಿ ಎಷ್ಟು ಕೋಲು ಒಳಗೆ ಒರತೆ,
ಮುರಕಲ್ಲಿಗೆ ಅಂಗೈಯಿಟ್ಟು ಹೇಳುತ್ತಾರೆ.
ಕೈಯ ಮೇಣದ ಬತ್ತಿ ಆರಿದರೆ
ಹಾರೆ ಅಲ್ಲೇ ಬಿಟ್ಟು ಹೊರಗೆ ಬಾ,
ಅವರು ಕಲಿಸುವ ಪಾಠ ಅಷ್ಟೇ.

ಮಿಸ್ರಿಯಾ ಫೋನು ಹಿಡಿದು ತೋರಿಸಿದಳು.
ಹನ್ನೆರಡು ಕಲ್ಲಿನ ಸಿಂಹ, ಬಾಯಿ ಬಾಯಲ್ಲಿ ನೀರು,
ಜೇನುಗೂಡಿನಂಥ ಮಾಡು, ಗೋಡೆಯುದ್ದಕ್ಕೂ ಅರಬಿ.
ಮಾವ ಸಿಂಹ ನೋಡಲಿಲ್ಲ. ಮಾಡೂ ನೋಡಲಿಲ್ಲ.
ಚಿತ್ರವನ್ನು ಬೆರಳಿಂದ ಬದಿಗೆ ದೂಡಲು ಹೋದರು,
ಅಂಚಿನ ಆಚೆ ಇನ್ನೂ ಏನೋ ಇದ್ದ ಹಾಗೆ.
ಸವೆದ ಬೆರಳು. ಫೋನು ಕದಲಲಿಲ್ಲ.
"ನೀರು ಎಲ್ಲಿಂದ?"

ನಮಗೆ ಗೊತ್ತಿರಲಿಲ್ಲ. ಟಿಕೆಟಿನ ದರ ಗೊತ್ತಿತ್ತು.
ಹುಡುಕಿದೆವು: ಆರು ಕಿಲೋಮೀಟರ್ ಮೇಲೆ
ಹೊಳೆಗೆ ಕಟ್ಟ ಹಾಕಿ ತಿರುಗಿಸಿದ್ದು,
ಗುಡ್ಡದ ಸೊಂಟ ಬಳಸಿದ ತೋಡು,
ನಡುನಡುವೆ ಮಣ್ಣೊಳಗೇ ಹಾದು.
"ಇಳಿತ ಎಷ್ಟು ಕೊಟ್ಟಿದ್ದಾರೆ? ಕೋಲಿಗೆ ಎಷ್ಟು ಬೆರಳು?"
ಅದನ್ನು ಯಾರೂ ಬರೆದಿರಲಿಲ್ಲ.
"ನೀರು ಬರಲಿ ಅಂತ ಅರಸು ಹೇಳಿದ್ದಿರಬೌದು.
ಒಳಗೆ ಹೊಕ್ಕವ ಬೇರೆ."

"ನೀವೂ ಬನ್ನಿ ಮಾವ, ಪಾಸ್‌ಪೋರ್ಟು ಮಾಡಿಸುವ."
ನಕ್ಕರು. ರೇಷನ್ ಅಂಗಡಿಯ ಯಂತ್ರವೇ
ಮೂರು ಸಲ ಒರೆಸಿ ಒತ್ತಿದರೂ
ಇವರು ಇವರೇ ಅಂತ ಒಪ್ಪುವುದಿಲ್ಲವಂತೆ.
ಗ್ರೌಟು ಕಂಕುಳಲ್ಲಿಟ್ಟು, ಚಿಲ್ಲರೆ ಎಣಿಸಿ,
ಶಟರಿನಡಿ ಬಗ್ಗಿ ಹೋದರು.

ಇನ್ನು ವೀಸಾ ಆಗಬೇಕು. ಈದ್ ಕಳೆಯಬೇಕು.
ವಾರ್ಷಿಕ ಸ್ಟಾಕು ಎಣಿಕೆ ಬೇರೆ ಬಾಕಿ.
ಮಿಸ್ರಿಯಾ ಪ್ರಶ್ನೆ ಚಿಹ್ನೆಗೆ ಅಡ್ಡ ಗೀಟು ಹಾಕಿ
ಮೂರನೇ ದಿನಕ್ಕೆ 'ತೋಡು, ಮೇಲಿನವರೆಗೆ' ಎಂದು ಬರೆದಳು.
ನಾನು ಸಾಮಾನಿನ ಪಟ್ಟಿಗೆ ಸೇರಿಸಿದೆ:
ನಡೆಯುವ ಚಪ್ಪಲಿ, ಉಪ್ಪಿನಕಾಯಿ,
ಅಂಗಡಿಯ ಐದು ಮೀಟರಿನ ಟೇಪು.
ಬೆರಳಲ್ಲಿ ಎಷ್ಟಾಗುತ್ತದೆ ಎಂದು
ವಾಪಸು ಬಂದು ಲೆಕ್ಕ ಹಾಕಿದರಾಯಿತು.